ಕ್ಷಣ ಮುಗಿಯುವುದು ಯಾವಾಗ?

ಅಪ್ಪನ ಧ್ವನಿ ಇರುವ ಒಂದು ರೆಕಾರ್ಡಿಂಗ್ ನನ್ನ ಫೋನಿನಲ್ಲಿದೆ. ಹಳೇ ರೇಡಿಯೋ ಒಂದನ್ನು ಬಿಚ್ಚಿ ಸರಿಮಾಡುವುದು ಹೇಗೆ ಅಂತ ಅವರು ಹೇಳಿಕೊಡುತ್ತಿದ್ದರು. ಮರೆತು ಹೋಗಬಾರದು ಅಂತ ನಾನು ಫೋನನ್ನು ಮೇಜಿನ ಮೇಲಿಟ್ಟು ರೆಕಾರ್ಡ್ ಮಾಡಿಕೊಂಡಿದ್ದೆ. "ಸ್ಕ್ರೂಗಳನ್ನ ಬಿಚ್ಚಿದ ಕ್ರಮದಲ್ಲೇ ಸಾಲಾಗಿ ಇಡು. ಜೋಡಿಸುವಾಗ ಕೊನೆಯದರಿಂದ ಶುರು ಮಾಡು" ಅನ್ನುತ್ತಾರೆ. ಆಮೇಲೆ ಒಂದು ಕೆಮ್ಮು. ಒಣ ಕೆಮ್ಮು, ಚಿಕ್ಕದು. ಸ್ಕ್ರೂಡ್ರೈವರ್ ಕೆಳಗಿಟ್ಟ ಸದ್ದು. ಮತ್ತೆ ಮಾತು ಮುಂದುವರಿಯುತ್ತದೆ. ಆವತ್ತು ಆ ಕೆಮ್ಮಿನ ಕಡೆ ಇಬ್ಬರಿಗೂ ಗಮನ ಇರಲಿಲ್ಲ. ಮುಂದಿನ ವರ್ಷ ಅವರಿಗೆ ಶ್ವಾಸಕೋಶದ ಕಾಯಿಲೆ ಇರುವುದು ಗೊತ್ತಾಯಿತು. ಅದಾದ ಮೇಲೆ ರೆಕಾರ್ಡಿಂಗ್ ಹಾಕಿದಾಗ ರೇಡಿಯೋ ವಿಷಯ ಕಿವಿಗೆ ಬೀಳಲೇ ಇಲ್ಲ. ಕೆಮ್ಮು ಮಾತ್ರ ಕೇಳಿಸಿತು. ಫೈಲ್ ಅದೇ. ಅದರಲ್ಲಿ ಒಂದಕ್ಷರವೂ ಬದಲಾಗಿಲ್ಲ. ಆದರೆ ಈಗ ಅದು ಮೊದಲ ಕೆಮ್ಮು. ಅದು ಮೊದಲನೆಯದಾಗಿದ್ದು ಯಾವಾಗ? ಮೇಜಿನ ಹತ್ತಿರ ಕೂತಿದ್ದಾಗಲೋ, ರಿಪೋರ್ಟ್ ಕೈಗೆ ಬಂದಾಗಲೋ?

ಈ ಪ್ರಶ್ನೆ ತಲೆಯಲ್ಲಿ ಕೂತುಬಿಟ್ಟಿತು. ಕೂತಲ್ಲೇ ನಿಧಾನಕ್ಕೆ ಒಂದು ಸಿದ್ಧಾಂತವಾಗಿ ಬೆಳೆಯಿತು. ಇದು ಕಲ್ಪನೆಯ ಸಿದ್ಧಾಂತ. ಯಾವ ಪ್ರಯೋಗಾಲಯದಿಂದಲೂ ಬಂದದ್ದಲ್ಲ, ನನ್ನ ನೋಟ್‌ಬುಕ್ಕಿನಿಂದ ಬಂದದ್ದು. ಆದರೂ ವಿಜ್ಞಾನದ ಸಿದ್ಧಾಂತಗಳಿಗೆ ಇರಬೇಕಾದ ಒಂದು ಗುಣ ಇದಕ್ಕೂ ಇರಲಿ ಅಂತ ನನ್ನ ಹಟ. ಗೊತ್ತಿರುವ ಭೌತಶಾಸ್ತ್ರದ ಎದುರು ಇದು ನಿಲ್ಲಬೇಕು. ತಾನು ಎಲ್ಲಿ ಮುರಿಯಬಹುದು ಅನ್ನುವುದನ್ನು ತಾನೇ ಹೇಳಬೇಕು. ಇದಕ್ಕೆ ಬಾಕಿ ಸಿದ್ಧಾಂತ ಅಂತ ಹೆಸರಿಟ್ಟುಕೊಂಡಿದ್ದೇನೆ.

ಸಿದ್ಧಾಂತ ಹೇಳುವುದೇನು

ಕಾಲ ಅಂದರೆ ಒಂದು ಗೆರೆ ಅಂತ ನಾವು ಅಂದುಕೊಂಡಿದ್ದೇವೆ. ಕ್ಷಣ ಬಂತು, ಹೋಯಿತು, ಮುಗಿಯಿತು. ಬಾಕಿ ಸಿದ್ಧಾಂತ ಇದನ್ನು ಒಪ್ಪುವುದಿಲ್ಲ. ಯಾವ ಘಟನೆಯೂ ತನ್ನ ಕ್ಷಣದೊಳಗೇ ಪೂರ್ತಿಯಾಗುವುದಿಲ್ಲ ಅನ್ನುತ್ತದೆ. ಅದರ ಒಂದು ಪಾಲು ಆಗಲೇ ನಡೆದುಬಿಡುತ್ತದೆ. ಅದನ್ನು ಯಾರೂ ಅಳಿಸಲಾರರು, ತಿದ್ದಲಾರರು. ಇನ್ನೊಂದು ಪಾಲು ಬಾಕಿ ಉಳಿಯುತ್ತದೆ. ಘಟನೆ ಬಿಟ್ಟುಹೋದ ಗುರುತುಗಳು ಮುಂದೆ ಯಾವುದಕ್ಕೆ ಹೋಗಿ ತಗಲುತ್ತವೋ ಅದರಿಂದ ಆ ಬಾಕಿ ತೀರುತ್ತದೆ. ಕೆಲವು ಬಾಕಿ ಕಣ್ಣು ಮಿಟುಕಿಸುವಷ್ಟರಲ್ಲಿ ತೀರಿಹೋಗುತ್ತವೆ. ಕೆಲವು ತಲೆಮಾರುಗಟ್ಟಲೆ ಉಳಿಯುತ್ತವೆ.

ಎರಡನೆಯ ಮಾತು ಇದಕ್ಕಿಂತ ದೊಡ್ಡದು. ಗಡಿಯಾರದಲ್ಲಿ ಅಕ್ಕಪಕ್ಕ ಇದ್ದ ಮಾತ್ರಕ್ಕೆ ಎರಡು ಘಟನೆಗಳು ಹತ್ತಿರದವು ಆಗುವುದಿಲ್ಲ. ಒಂದರ ಗುರುತು ಇನ್ನೊಂದರಲ್ಲಿ ಇದ್ದರೆ ಮಾತ್ರ ಅವು ಹತ್ತಿರದವು. ಹಾಗಾಗಿ ಕಾಲ ಗೆರೆಯಲ್ಲ, ಗುರುತುಗಳಿಂದ ಹೆಣೆದ ಬಲೆ. ಮೊದಲು, ಆಮೇಲೆ ಅನ್ನುವ ಕ್ರಮ ಬಲೆಗೆ ಹೊರಗಿನಿಂದ ಬರುವುದಿಲ್ಲ, ಆ ಹೆಣಿಗೆಯಿಂದಲೇ ಹುಟ್ಟುತ್ತದೆ. ಗುರುತೇ ಇಲ್ಲದ ಕಡೆ ಕ್ರಮವೂ ಇಲ್ಲ.

ಓದಿದ ಕೂಡಲೇ ಇದು ಬರೀ ಕವಿತೆ ಅನ್ನಿಸಬಹುದು. ನನಗೆ ಹಾಗೆ ಅನ್ನಿಸುವುದಿಲ್ಲ. ಯಾಕೆ ಅಂತ ಹೇಳುತ್ತೇನೆ.

ಗೆರೆ ಮುರಿದು ನೂರು ವರ್ಷ ದಾಟಿದೆ

ಕಾಲ ನೇರ ಗೆರೆ ಅನ್ನುವ ನಂಬಿಕೆಗೆ ಮೊದಲ ಏಟು ಬಿದ್ದಿದ್ದು 1905ರಲ್ಲಿ. ಎರಡು ಘಟನೆ 'ಒಂದೇ ಹೊತ್ತಿಗೆ' ನಡೆದವು ಅನ್ನುವ ಮಾತು ಎಲ್ಲರಿಗೂ ಒಂದೇ ಅಲ್ಲ, ನೋಡುವವರ ಚಲನೆಯ ಮೇಲೆ ಅದು ಬದಲಾಗುತ್ತದೆ ಅಂತ ಐನ್‌ಸ್ಟೈನ್ ತೋರಿಸಿದರು. ಇದರ ಪರಿಣಾಮ ಎಷ್ಟು ವಿಚಿತ್ರ ಅಂತ ನೋಡಬೇಕಾದರೆ ಆಂಡ್ರೊಮಿಡಾ ಗ್ಯಾಲಕ್ಸಿಯ ಉದಾಹರಣೆ ತೆಗೆದುಕೊಳ್ಳಬೇಕು. ಅದು ಸುಮಾರು 25 ಲಕ್ಷ ಜ್ಯೋತಿರ್ವರ್ಷ ದೂರದಲ್ಲಿದೆ. ಒಬ್ಬರು ಸುಮ್ನೆ ನಿಂತಿದ್ದಾರೆ. ಇನ್ನೊಬ್ಬರು ಅವರ ಪಕ್ಕದಲ್ಲೇ ಹಾದು, ಮಾಮೂಲಿ ನಡಿಗೆಯಲ್ಲಿ ಆಂಡ್ರೊಮಿಡಾದ ಕಡೆಗೆ ಹೆಜ್ಜೆ ಹಾಕುತ್ತಿದ್ದಾರೆ. ಇಬ್ಬರೂ ಪರಸ್ಪರ ಹಾದುಹೋಗುವ ಆ ಕ್ಷಣದಲ್ಲಿ 'ಅಲ್ಲಿ ಈಗ ಏನು ನಡೆಯುತ್ತಿದೆ' ಅಂತ ಲೆಕ್ಕ ಹಾಕಿದರೆ ಇಬ್ಬರ 'ಈಗ'ದ ನಡುವೆ ಸುಮಾರು ನಾಲ್ಕು ದಿನದ ವ್ಯತ್ಯಾಸ ಬರುತ್ತದೆ. ಬರೀ ನಡಿಗೆಯ ವೇಗಕ್ಕೆ! ನಿಂತವರಿಗೆ ಇನ್ನೂ ನಡೆಯದೇ ಇರುವುದು ನಡೆಯುತ್ತಿರುವವರಿಗೆ ಆಗಲೇ ನಡೆದುಹೋಗಿದೆ. ಇಬ್ಬರಲ್ಲಿ ಯಾರು ಸರಿ ಅಂತ ಕೇಳುವುದಕ್ಕೇ ಅರ್ಥವಿಲ್ಲ.

ಆದರೆ ಇಲ್ಲೊಂದು ಕಟ್ಟುನಿಟ್ಟಿನ ನಿಯಮ ಇದೆ. ಜನಪ್ರಿಯ ಬರಹಗಳಲ್ಲಿ ಇದನ್ನು ಜಾಸ್ತಿ ಹೇಳುವುದಿಲ್ಲ. ಒಂದು ಘಟನೆಯಿಂದ ಹೊರಟ ಬೆಳಕು ಇನ್ನೊಂದನ್ನು ತಲುಪಲು ಸಮಯ ಇದ್ದರೆ ಅವೆರಡರ ಕ್ರಮ ಎಲ್ಲರಿಗೂ ಒಂದೇ. ಯಾರು ಎಷ್ಟು ವೇಗದಲ್ಲಿ ಓಡಿದರೂ ಅದು ತಿರುಗುಮುರುಗಾಗದು. ಬೆಳಕಿಗೂ ತಲುಪಲು ಆಗದಷ್ಟು ದೂರ ಇದ್ದರೆ ಮಾತ್ರ ಕ್ರಮ ಸಡಿಲವಾಗುತ್ತದೆ. ಇದನ್ನು ಬಾಕಿ ಸಿದ್ಧಾಂತದ ಕಣ್ಣಿನಿಂದ ಓದಿ ನೋಡಿ. ಗುರುತು ತಲುಪಬಹುದಾದ ಕಡೆ ಕ್ರಮ ಗಟ್ಟಿ. ಗುರುತು ತಲುಪಲಾಗದ ಕಡೆ ಎಲ್ಲರೂ ಒಪ್ಪುವ ಕ್ರಮವೇ ಇಲ್ಲ. ನನ್ನ ಸಿದ್ಧಾಂತಕ್ಕೆ ಇದಕ್ಕಿಂತ ಒಳ್ಳೆಯ ನೆಲ ಬೇಕಿಲ್ಲ. ರಫೇಲ್ ಸಾರ್ಕಿನ್ ಮತ್ತು ಜೊತೆಗಾರರು 1987ರಲ್ಲಿ ಮುಂದಿಟ್ಟ ಕಾಸಲ್ ಸೆಟ್ ಅನ್ನುವ ನಿಜವಾದ ಸಿದ್ಧಾಂತ ಇದೇ ದಾರಿಯಲ್ಲಿ ಹೋಗುತ್ತದೆ. ಯಾವುದು ಯಾವುದರ ಮೇಲೆ ಪ್ರಭಾವ ಬೀರಬಲ್ಲದು ಅನ್ನುವ ಸಂಬಂಧಗಳೇ ಮೂಲ, ದೇಶ–ಕಾಲ ಅದರಿಂದ ಮೂಡುವುದು ಅಂತ ಅದರ ವಾದ. ಬಾಕಿ ಅನ್ನುವ ಕಲ್ಪನೆ ಅದರಲ್ಲಿಲ್ಲ. ಅದು ನಾನು ಸೇರಿಸಿದ್ದು.

ಗೆರೆ ಮುರಿಯುವುದಷ್ಟೇ ಅಲ್ಲ, ಬಳೆಯಾಗಿ ಬಾಗಬಹುದು ಅಂತಲೂ ಗಣಿತ ಹೇಳಿದೆ. 1949ರಲ್ಲಿ ತರ್ಕಶಾಸ್ತ್ರಜ್ಞ ಕರ್ಟ್ ಗೋಡೆಲ್ ಐನ್‌ಸ್ಟೈನ್‌ ಅವರದೇ ಸಮೀಕರಣಗಳಿಂದ ತಿರುಗುವ ವಿಶ್ವವೊಂದನ್ನು ಕಟ್ಟಿ ತೋರಿಸಿದರು. ಅಲ್ಲಿ ಮುಂದಕ್ಕೇ ಹೋಗುತ್ತಾ ಹೋಗುತ್ತಾ ತನ್ನದೇ ಹಿಂದಿನ ಕ್ಷಣಕ್ಕೆ ಬಂದು ಸೇರುವ ದಾರಿಗಳಿವೆ. ನಮ್ಮ ವಿಶ್ವ ಹಾಗೆ ತಿರುಗುತ್ತಿರುವ ಸುಳಿವಿಲ್ಲ. ಆದರೆ ನನಗೆ ಮುಖ್ಯ ಅನ್ನಿಸಿದ್ದು ಬೇರೆ. ಕಾಲ ಗೆರೆಯಾಗಿಯೇ ಇರಬೇಕು ಅಂತ ಸಮೀಕರಣಗಳು ಒತ್ತಾಯ ಮಾಡುತ್ತಿಲ್ಲ.

ತಾರೀಕು ಇಲ್ಲದ ಫೋಟೋಗಳು

ಅಪ್ಪ ಹೋದ ಮೇಲೆ ಅಕ್ಕನೂ ನಾನೂ ಒಂದು ಪೆಟ್ಟಿಗೆ ತುಂಬ ಇದ್ದ ಹಳೆಯ ಫೋಟೋಗಳನ್ನು ಜೋಡಿಸಲು ಕೂತೆವು. ಯಾವುದರ ಹಿಂದೆಯೂ ತಾರೀಕು ಬರೆದಿರಲಿಲ್ಲ. ಮೊದಮೊದಲು ನೆನಪಿನಿಂದ ಜೋಡಿಸಲು ನೋಡಿದೆವು. ಇಬ್ಬರ ನೆನಪೂ ಒಂದಕ್ಕೊಂದು ಹೊಂದಲಿಲ್ಲ, ಜಗಳವೇ ಆಯಿತು. ಆಮೇಲೆ ಅಕ್ಕ ಒಂದು ಉಪಾಯ ತೆಗೆದಳು. ಮುಖ ನೋಡಬೇಡ, ಹಿಂದೆ ಇರುವುದನ್ನು ನೋಡು ಅಂದಳು. ನೋಡಿದೆವು. ಒಂದು ಫೋಟೋದಲ್ಲಿ ಕಿಟಕಿಯ ಗಾಜು ಸರಿಯಿದೆ, ಇನ್ನೊಂದರಲ್ಲಿ ಮೂಲೆಯಲ್ಲಿ ಸೀಳಿದೆ. ಒಂದರಲ್ಲಿ ನನ್ನ ಹುಬ್ಬಿನ ಮೇಲೆ ಗಾಯದ ಕಲೆ ಇಲ್ಲ, ಇನ್ನೊಂದರಲ್ಲಿ ಇದೆ. ಪರದೆಯ ನೀಲಿ ಬಣ್ಣ ಒಂದರಿಂದ ಒಂದಕ್ಕೆ ಮಾಸುತ್ತಾ ಹೋಗಿದೆ. ಹೀಗೆ ಗುರುತು ಹಿಡಿದು ಹೋದಂತೆ ಸಾಲು ತಾನಾಗಿಯೇ ಕೂತುಕೊಂಡಿತು. ಇಬ್ಬರ ಬಾಯಲ್ಲೂ ಜಗಳಕ್ಕೆ ಮಾತು ಉಳಿಯಲಿಲ್ಲ.

ಎರಡು ಫೋಟೋ ಮಾತ್ರ ಕೊನೆಗೂ ಜಾಗಕ್ಕೆ ಕೂರಲಿಲ್ಲ. ಎರಡರಲ್ಲೂ ಬರೀ ಒಂದು ಖಾಲಿ ಗೋಡೆ. ಕ್ಯಾಮೆರಾ ಸರಿ ಇದೆಯಾ ಅಂತ ನೋಡಲು ಒತ್ತಿದ್ದಿರಬೇಕು. ಬಿರುಕಿಲ್ಲ, ಕಲೆಯಿಲ್ಲ, ನೆರಳಿಲ್ಲ. ಯಾವುದು ಮೊದಲು? ಉತ್ತರ ಹುಡುಕಲು ಹಿಡಿದುಕೊಳ್ಳಲು ಏನೂ ಇರಲಿಲ್ಲ.

ಭೂಮಿಯ ಹಳೆಯ ಕತೆಯನ್ನು ವಿಜ್ಞಾನಿಗಳು ಓದುವುದೂ ಹೀಗೆಯೇ. 1669ರಲ್ಲಿ ನಿಕೋಲಸ್ ಸ್ಟೀನೋ ಹೇಳಿದ ನಿಯಮ ಬಹಳ ಸರಳ: ಕಲಕದೆ ಉಳಿದ ಬಂಡೆಯ ಪದರಗಳಲ್ಲಿ ಕೆಳಗಿನದು ಹಳೆಯದು, ಮೇಲಿನದು ಹೊಸದು. ಗಡಿಯಾರದ ಹಂಗಿಲ್ಲದೆ ಬರೀ ಗುರುತುಗಳಿಂದ ಕ್ರಮ ಕಟ್ಟುವ ಕೆಲಸ ಅದು. ಮರದ ಉಂಗುರಗಳಿಂದ ಕಾಲ ಹೇಳುವ ವಿದ್ಯೆಯನ್ನು ಬೆಳೆಸಿದ ಎ. ಇ. ಡಗ್ಲಸ್ ಕೂಡ ಒಂದು ಮರದ ಅಗಲ–ಕಿರಿದು ಉಂಗುರಗಳ ವಿನ್ಯಾಸವನ್ನು ಇನ್ನೊಂದು ಮರದ ವಿನ್ಯಾಸಕ್ಕೆ ಹೊಂದಿಸುತ್ತಾ ಹಿಂದೆ ಹಿಂದೆ ಹೋದರು.

ಖಾಲಿ ಗೋಡೆಗೂ ಭೌತಶಾಸ್ತ್ರದಲ್ಲಿ ಒಂದು ಜೋಡಿ ಇದೆ. ಮುಚ್ಚಿದ ಪೆಟ್ಟಿಗೆಯಲ್ಲಿ ಅನಿಲ ತುಂಬಿ ಬಹಳ ಹೊತ್ತು ಬಿಟ್ಟರೆ ಅದು ಎಲ್ಲ ಕಡೆ ಸಮನಾಗಿ ಹರಡಿ ಒಂದೇ ಸ್ಥಿತಿಯಲ್ಲಿ ನಿಲ್ಲುತ್ತದೆ. ಆಗ ಅದರ ಎರಡು ಚಿತ್ರ ತೆಗೆದು ಯಾವುದು ಮೊದಲು ಅಂತ ಕೇಳಿದರೆ ಯಾರೂ ಹೇಳಲಾರರು. ಅಣುಗಳು ಒಂದಕ್ಕೊಂದು ಬಡಿಯುವ ನಿಯಮಗಳನ್ನು ಹಿಂದುಮುಂದಾಗಿ ಓಡಿಸಿದರೂ ಅವು ಸರಿಯಾಗಿಯೇ ಇರುತ್ತವೆ. ಕಾಲಕ್ಕೆ ದಿಕ್ಕು ಬರುವುದು ಎಂಟ್ರೋಪಿಯಿಂದ, ಅಂದರೆ ಅಚ್ಚುಕಟ್ಟು ಕಲಸಿಹೋಗುವುದರಿಂದ ಅಂತ ಭೌತಶಾಸ್ತ್ರಜ್ಞ ಬೋಲ್ಟ್ಸ್‌ಮನ್ ಹತ್ತೊಂಬತ್ತನೇ ಶತಮಾನದಲ್ಲೇ ಹೇಳಿದರು. (ಪರಮಾಣುವಿಗಿಂತ ಚಿಕ್ಕ ಕಣಗಳ ನಡುವೆ ಕೆಲಸ ಮಾಡುವ 'ದುರ್ಬಲ ಬಲ'ಕ್ಕೆ ಒಳಗಾಗುವ ಕೆಲವು ಕಣಗಳಲ್ಲಿ ಮಾತ್ರ ಕಾಲದ ಎರಡು ದಿಕ್ಕಿಗೂ ಸಣ್ಣ ವ್ಯತ್ಯಾಸ ಇದೆ. ಕೇಯಾನ್ ಅನ್ನುವ ಅಂಥ ಕಣಗಳ ಮೇಲೆ ನಡೆದ 1964ರ ಪ್ರಯೋಗ ಅದಕ್ಕೆ ಬಾಗಿಲು ತೆರೆಯಿತು. ಆದರೆ ಗಾಜು ಒಡೆಯುವುದಕ್ಕೂ ಪರದೆ ಮಾಸುವುದಕ್ಕೂ ಅದು ಕಾರಣ ಅಲ್ಲ.) ಸಮವಾಗಿ ಹರಡಿದ ಅನಿಲದಲ್ಲಿ ಕಾಲ ಓಡುತ್ತಲೇ ಇದೆ, ನಮಗೆ ಗೊತ್ತಾಗುತ್ತಿಲ್ಲ ಅಷ್ಟೆ ಅಂತ ಸಾಮಾನ್ಯವಾಗಿ ಹೇಳುತ್ತಾರೆ. ಬಾಕಿ ಸಿದ್ಧಾಂತ ಇಲ್ಲಿ ಧೈರ್ಯ ಮಾಡುತ್ತದೆ. ಆ ಪೆಟ್ಟಿಗೆಯೊಳಗಿನ ಮಟ್ಟಿಗೆ ಮೊದಲು–ಆಮೇಲೆ ಅನ್ನುವುದೇ ಇಲ್ಲ ಅನ್ನುತ್ತದೆ.

ಕೈ ಮೇಲೆ ಓಡುವ ಮೊಲ

ಬಾಕಿ ತೀರುವುದನ್ನು ನಮ್ಮ ಮೈಯಲ್ಲೇ ನೋಡಬಹುದು. 1972ರಲ್ಲಿ ಫ್ರಾಂಕ್ ಗೆಲ್ಡಾರ್ಡ್ ಮತ್ತು ಕಾರ್ಲ್ ಶೆರಿಕ್ ಒಂದು ಪ್ರಯೋಗ ಪ್ರಕಟಿಸಿದರು. ಮಣಿಕಟ್ಟಿನ ಹತ್ತಿರ ಬೇಗಬೇಗ ಕೆಲವು ಸಲ ತಟ್ಟಿದರು. ತಕ್ಷಣ ಮೊಣಕೈ ಹತ್ತಿರ ಕೆಲವು ಸಲ ತಟ್ಟಿದರು. ನಡುವೆ ಎಲ್ಲೂ ಮುಟ್ಟಲಿಲ್ಲ. ಆದರೆ ಕೈ ಕೊಟ್ಟವರಿಗೆ ಒಂದು ಪುಟ್ಟ ಮೊಲ ಮಣಿಕಟ್ಟಿನಿಂದ ಮೊಣಕೈಗೆ ಕುಪ್ಪಳಿಸಿಕೊಂಡು ಹೋದಂತೆ ಅನ್ನಿಸಿತು. ಈಗ ನಿಧಾನವಾಗಿ ಯೋಚಿಸಿ. ಎರಡನೆಯ, ಮೂರನೆಯ ತಟ್ಟು ಬಿದ್ದಿದ್ದು ಮಣಿಕಟ್ಟಿಗೆ. ಅನುಭವಕ್ಕೆ ಬಂದಿದ್ದು ಅದಕ್ಕಿಂತ ಮೇಲೆ, ಮುಂಗೈ ನಡುವೆ. ಮುಂದಿನ ತಟ್ಟುಗಳು ಮೊಣಕೈಗೆ ಬೀಳಲಿವೆ ಅಂತ ಮಿದುಳಿಗೆ ಆಗ ಗೊತ್ತಿರಲಿಲ್ಲ. ಅಂದರೆ ಮೊದಲಿನ ತಟ್ಟು ಎಲ್ಲಿ ಬಿತ್ತು ಅನ್ನುವ ಅನುಭವ ಆಮೇಲಿನ ತಟ್ಟು ಬರುವವರೆಗೂ ಪೂರ್ತಿಯಾಗಿರಲಿಲ್ಲ.

ನಾವು 'ಈಗ' ಅಂತ ಕರೆಯುವುದು ಆಗಲೇ ಸ್ವಲ್ಪ ಹಿಂದಿನದು. ಮುಂದಿನದು ಬರಲಿ ಅಂತ ಮಿದುಳು ಒಂದು ಚೂರು ಕಾಯುತ್ತದೆ, ಎರಡನ್ನೂ ಸೇರಿಸಿ ಒಂದು ಕತೆ ಮಾಡುತ್ತದೆ, ಆಮೇಲೆ ನಮಗೆ ಕೊಡುತ್ತದೆ. ಇದು ಮಿದುಳಿನ ಕೆಲಸ, ವಿಶ್ವದ ಕೆಲಸ ಅಲ್ಲ, ನಿಜ. ಆದರೂ ಅನುಭವದ ಮಟ್ಟದಲ್ಲಿ ನಾವು ಯಾರೂ ನೇರ ಗೆರೆಯ ಕಾಲದಲ್ಲಿ ಬದುಕುತ್ತಿಲ್ಲ ಅನ್ನುವುದು ಇಲ್ಲಿ ಅಳತೆಗೆ ಸಿಕ್ಕಿದೆ.

ಒಂದು ಗಟ್ಟಿ ಆಕ್ಷೇಪ

ಇದನ್ನೆಲ್ಲ ಕೇಳಿದ ಒಬ್ಬ ಗೆಳತಿ ನೇರವಾಗಿ ಹೇಳಿದಳು. "ಕಾಯಿಲೆ ಆಗಲೇ ಇತ್ತು ಅಲ್ವಾ? ಆ ಕೆಮ್ಮು ಆಗಲೇ ಅದರ ಕೆಮ್ಮು. ನಿನಗೆ ಗೊತ್ತಾಗಿದ್ದು ಆಮೇಲೆ. ಬದಲಾಗಿದ್ದು ನಿನ್ನ ತಿಳಿವಳಿಕೆ, ಕೆಮ್ಮಲ್ಲ." ಈ ಆಕ್ಷೇಪವನ್ನು ನಾನು ತುಂಬ ದಿನ ಹೊತ್ತುಕೊಂಡು ತಿರುಗಿದೆ. ಕಾಯಿಲೆಯ ಮಟ್ಟಿಗೆ ಅವಳ ಮಾತು ಪೂರ್ತಿ ಸರಿ. ಜೀವಕೋಶಗಳು ರಿಪೋರ್ಟಿಗಾಗಿ ಕಾಯುತ್ತಾ ಕೂರುವುದಿಲ್ಲ. ಗೊತ್ತಾಗುವುದನ್ನೂ ಆಗುವುದನ್ನೂ ಕಲಸಿದರೆ ಸಿದ್ಧಾಂತ ನಿಲ್ಲುವುದಿಲ್ಲ.

ಆದರೆ ಎಲ್ಲ ಬಾಕಿಯೂ ಆ ಜಾತಿಯದಲ್ಲ. ಆರ್ಥರ್ ಡಾಂಟೋ ಅನ್ನುವ ತತ್ವಶಾಸ್ತ್ರಜ್ಞರು ಇತಿಹಾಸದ ವಾಕ್ಯಗಳ ಬಗ್ಗೆ 1960ರ ದಶಕದಲ್ಲಿ ಬರೆದಿದ್ದು ಇಲ್ಲಿ ಕೆಲಸಕ್ಕೆ ಬರುತ್ತದೆ. ಮೂವತ್ತು ವರ್ಷಗಳ ಯುದ್ಧ 1618ರಲ್ಲಿ ಶುರುವಾಯಿತು ಅಂತ ನಾವು ಹೇಳುತ್ತೇವೆ. 1618ರಲ್ಲಿ ಇದ್ದವರು ಯಾರೂ ಆ ವಾಕ್ಯ ಹೇಳಲು ಸಾಧ್ಯವಿರಲಿಲ್ಲ. ಅವರಿಗೆ ಮಾಹಿತಿ ಕಡಿಮೆ ಇತ್ತು ಅಂತಲ್ಲ. ಆ ವರ್ಷದ ಯುರೋಪಿನ ಪ್ರತಿಯೊಂದು ಕಣವನ್ನೂ ಬಲ್ಲ ಒಬ್ಬ ಸಾಕ್ಷಿ ಇದ್ದಿದ್ದರೂ, ಆ ವರ್ಷವನ್ನು ಮಾತ್ರ ನೋಡಿ ಅವನು ಇದನ್ನು ಬರೆದಿಡಲಾರ. ಆ ಶುರುವು ಇಂಥ ಯುದ್ಧದ ಶುರು ಆಗಲು 1648 ಬರಬೇಕಿತ್ತು. ಒಂದು ಭೇಟಿ ಕೊನೆಯ ಭೇಟಿ ಆಗುವುದೂ ಹೀಗೆಯೇ. ಬಾಗಿಲಲ್ಲಿ ನಿಂತು ಕೈ ಬೀಸಿದಾಗ ಆ ಕ್ಷಣದೊಳಗೆ ಎಷ್ಟು ಅಗೆದರೂ 'ಕೊನೆಯದು' ಅನ್ನುವುದು ಸಿಗುವುದಿಲ್ಲ. ಅದು ಸಿಗುವುದು ಮುಂದೆ ಬರದೇ ಹೋದ ಭೇಟಿಗಳಲ್ಲಿ.

ಇದು ಬರೀ ಹೆಸರಿಡುವ ವಿಷಯ, ಘಟನೆಗೆ ಏನೂ ಆಗಿಲ್ಲ ಅಂತ ಹೇಳಬಹುದು. ನಾನು ಇದನ್ನು ಒಪ್ಪುವುದಿಲ್ಲ. ಒಂದು ಘಟನೆ ಅಂದರೆ ಅದು ಯಾವುದಕ್ಕೆ ಕಾರಣವಾಯಿತು, ಯಾವುದರ ಜೊತೆ ನಿಂತಿತು ಅನ್ನುವುದೂ ಸೇರಿ ಒಂದು ಘಟನೆ. ಇವನ್ನೆಲ್ಲ ಕಳಚಿ ಉಳಿಯುವ 'ಶುದ್ಧ ಕ್ಷಣ' ಯಾರಿಗೂ ಎಂದೂ ಸಿಕ್ಕಿಲ್ಲ.

ಆಯ್ಕೆ ಆಮೇಲೆ ಮಾಡಿದರೆ

ಗೊತ್ತಾಗುವುದರ ಬಾಕಿ ಒಂದು, ಕೊನೆಯ ಭೇಟಿಯಂಥ ಬಾಕಿ ಇನ್ನೊಂದು. ಮೂರನೆಯ ಜಾತಿಯ ಬಾಕಿಯೂ ಇದೆ. ನನ್ನ ಸಿದ್ಧಾಂತ ನಿಜಕ್ಕೂ ಕಣ್ಣಿಟ್ಟಿರುವುದು ಅದರ ಮೇಲೆ. 1978ರಲ್ಲಿ ಭೌತಶಾಸ್ತ್ರಜ್ಞ ಜಾನ್ ವೀಲರ್ ಒಂದು ಪ್ರಯೋಗವನ್ನು ಮನಸ್ಸಿನಲ್ಲೇ ಕಟ್ಟಿದರು. ಬೆಳಕಿನ ಒಂದು ಕಣದ, ಅಂದರೆ ಫೋಟಾನಿನ, ಎದುರು ಎರಡು ದಾರಿ. ಕೊನೆಯಲ್ಲಿ ಎರಡೂ ದಾರಿ ಕೂಡುವ ಕಡೆ ಒಂದು ಅರೆಗನ್ನಡಿ (ಅರ್ಧ ಬೆಳಕನ್ನು ದಾಟಿಸಿ ಅರ್ಧವನ್ನು ಪ್ರತಿಫಲಿಸುವ ಕನ್ನಡಿ) ಇಟ್ಟರೆ ಕಣ ಅಲೆಯಂತೆ ಎರಡೂ ದಾರಿಯಲ್ಲಿ ಬಂದ ಲಕ್ಷಣ ತೋರಿಸುತ್ತದೆ. ಇಡದಿದ್ದರೆ ಯಾವುದೋ ಒಂದು ದಾರಿಯಲ್ಲಿ ಬಂದಂತೆ ಸಿಗುತ್ತದೆ. ಇಡಬೇಕೋ ಬೇಡವೋ ಅನ್ನುವುದನ್ನು ಕಣ ಒಳಗೆ ಹೊಕ್ಕ ಮೇಲೆ ನಿರ್ಧರಿಸಿದರೆ? 2007ರಲ್ಲಿ ಫ್ರಾನ್ಸಿನಲ್ಲಿ ಅಲೈನ್ ಆಸ್ಪೆಕ್ಟ್ ಅವರೂ ಇದ್ದ ತಂಡ ಇದನ್ನು ಒಂಟಿ ಫೋಟಾನ್‌ಗಳ ಜೊತೆ ಮಾಡಿ ನೋಡಿತು. ದಾರಿಯ ಉದ್ದ 48 ಮೀಟರ್. ಕಣ ಹೊಕ್ಕ ಮೇಲೆಯೇ ಆಯ್ಕೆ ಆಗುವಂತೆ ವ್ಯವಸ್ಥೆ ಇತ್ತು. ಫಲಿತಾಂಶ ಆಮೇಲೆ ಮಾಡಿದ ಆಯ್ಕೆಗೆ ತಕ್ಕಂತೆಯೇ ಬಂತು.

ಭವಿಷ್ಯ ಬಂದು ಭೂತಕಾಲವನ್ನು ಬದಲಿಸಿತು ಅಂತ ಇದನ್ನು ಓದುವ ಚಾಳಿ ಇದೆ. ನನಗೆ ಅದು ಅವಸರ ಅನ್ನಿಸುತ್ತದೆ. ಬದಲಾಗಲು ಅಲ್ಲಿ ಮೊದಲೇ ಏನೋ ಗಟ್ಟಿಯಾಗಿ ಇರಬೇಕಲ್ಲ? ಕಣ ಒಂದೇ ದಾರಿ ಹಿಡಿಯಿತೋ, ಎರಡೂ ಹಿಡಿಯಿತೋ ಅನ್ನುವುದೇ ಆಗ ತೀರ್ಮಾನ ಆಗಿರಲಿಲ್ಲ. ಅದು ಬಾಕಿ ಇತ್ತು. ವೀಲರ್ ಅವರ ನಿಲುವೂ ಇದರ ಹತ್ತಿರವೇ ಇತ್ತು: ದಾಖಲಾಗುವವರೆಗೆ ಅದನ್ನು ನಡೆದುಹೋದ ಸಂಗತಿ ಅಂತ ಕರೆಯುವ ಹಾಗಿಲ್ಲ.

ಸಿದ್ಧಾಂತದ ಅತಿ ಮುಖ್ಯ ಕಟ್ಟಳೆ ನನಗೆ ಸಿಕ್ಕಿದ್ದು ಇದರ ಮುಂದಿನ ಪ್ರಯೋಗದಲ್ಲಿ. 2000ದಲ್ಲಿ ಯೂನ್‌-ಹೋ ಕಿಮ್ ಮತ್ತು ಜೊತೆಗಾರರು ಜೋಡಿ ಫೋಟಾನ್‌ಗಳನ್ನು ಬಳಸಿದರು. ಒಂದು ಮೊದಲು ದಾಖಲಾಗುತ್ತದೆ, ಅದರ ಜೊತೆಯದು ಆಮೇಲೆ. ಮೊದಲನೆಯ ಗುಂಪನ್ನು ಮಾತ್ರ ನೋಡಿದರೆ ಅಲೆಗಳು ಕೂಡಿದಾಗ ಮೂಡುವ ಬೆಳಕು–ಕತ್ತಲೆಯ ಪಟ್ಟಿಗಳು ಕಾಣುವುದಿಲ್ಲ, ಬರೀ ಮಸುಕು. ಆಮೇಲೆ ಬಂದ ಜೊತೆಗಾರರ ದಾಖಲೆ ಹಿಡಿದು ಆ ಚುಕ್ಕಿಗಳನ್ನು ವಿಂಗಡಿಸಿದರೆ ಮಾತ್ರ ಅಲೆಯ ಪಟ್ಟಿಗಳು ಮೂಡುತ್ತವೆ. ಚುಕ್ಕಿಗಳು ಬಿದ್ದಲ್ಲೇ ಇವೆ, ಒಂದೂ ಕದಲಿಲ್ಲ. ಅವುಗಳಲ್ಲಿದ್ದ ವಿನ್ಯಾಸ ಮಾತ್ರ ಆಮೇಲೆ ತೆರೆಯಿತು. ಹಿಂದಕ್ಕೆ ಸಂದೇಶ ಕಳಿಸಲು ಇದನ್ನು ಬಳಸಲಾಗದು, ಯಾಕೆಂದರೆ ಮಸುಕಿನಿಂದ ಏನನ್ನೂ ಮೊದಲೇ ಓದಲಾಗದು. ಹಾಗಾಗಿ ನನ್ನ ಕಟ್ಟಳೆ ಇದು: ಬಾಕಿಯನ್ನು ತೀರಿಸಬಹುದು, ಆದರೆ ಅದು ತೀರುವ ಮೊದಲೇ ಅದರಿಂದ ಏನನ್ನೂ ಸಾಲ ಪಡೆಯುವಂತಿಲ್ಲ. ಈ ಕಟ್ಟಳೆ ಇಲ್ಲದಿದ್ದರೆ ನಾಳೆಯ ಸುದ್ದಿ ಇವತ್ತೇ ಓದಬಹುದಿತ್ತು.

ಎಲ್ಲಿ ಮುರಿಯಬಹುದು

ಸಿದ್ಧಾಂತಕ್ಕೆ ಎರಡು ಕಡೆ ಕಷ್ಟ ಇದೆ. ಮೊದಲನೆಯದು 'ಈಗ'. ಬಲೆಯಲ್ಲಿ ಎಲ್ಲ ಘಟನೆಗಳೂ ಇವೆ, ಎಲ್ಲ ಸಂಬಂಧಗಳೂ ಇವೆ, ಆದರೆ ಇದೇ ಈ ಹೊತ್ತು ಅಂತ ಬೆರಳಿಟ್ಟು ತೋರಿಸುವ ಜಾಗ ಇಲ್ಲ. ಈ ಕೊರತೆ ನನ್ನ ಕಲ್ಪನೆಗೆ ಮಾತ್ರ ಸೇರಿದ್ದಲ್ಲ. ಐನ್‌ಸ್ಟೈನ್‌ ಅವರಿಗೂ 'ಈಗ'ದ ಸಮಸ್ಯೆ ಗಂಭೀರವಾಗಿ ಕಾಡುತ್ತಿತ್ತು, ಭೌತಶಾಸ್ತ್ರದಲ್ಲಿ ಅದಕ್ಕೆ ಜಾಗ ಸಿಗುತ್ತಿಲ್ಲ ಅಂತ ಅವರಿಗೆ ಬೇಸರವಿತ್ತು ಎಂದು ತತ್ವಶಾಸ್ತ್ರಜ್ಞ ರುಡಾಲ್ಫ್ ಕಾರ್ನಾಪ್ ಬರೆದಿದ್ದಾರೆ. ಬಾಕಿ ತೀರುತ್ತಿರುವ ಅಂಚೇ 'ಈಗ' ಅಂತ ಹೇಳುವ ಆಸೆ ನನಗೆ ಬಲವಾಗಿದೆ. ಆದರೆ ಒಂದೊಂದು ಘಟನೆಯ ಬಾಕಿ ಒಂದೊಂದು ಹೊತ್ತಿಗೆ ತೀರುತ್ತದೆ. ಅಂಥ ಅಂಚು ಒಂದೇ ಒಂದು ಇರಲಾರದು. ಹಾಗಾಗಿ ಇದನ್ನು ಹೀಗೇ ಬಿಟ್ಟಿದ್ದೇನೆ.

ಎರಡನೆಯದನ್ನು ಅಳೆದು ನೋಡಬಹುದು. ಗುರುತು ಬಿಡದ ಕಡೆ ಕ್ರಮ ಇಲ್ಲ ಅಂದರೆ, ಒಂದಿಷ್ಟೂ ಗುರುತು ಬಿಡದೆ ನಡೆಯುವ ಗಡಿಯಾರ ಇರಬಾರದು. 2021ರಲ್ಲಿ ಆಕ್ಸ್‌ಫರ್ಡ್‌ನಲ್ಲಿ ನಟಾಲಿಯಾ ಆರೆಸ್ ಅವರ ತಂಡ ಒಂದು ತೀರಾ ತೆಳುವಾದ ಪೊರೆಯ ಕಂಪನವನ್ನೇ ಗಡಿಯಾರ ಮಾಡಿ ನೋಡಿತು. ಟಿಕ್ ಹೆಚ್ಚು ನಿಖರವಾದಷ್ಟೂ ಅದು ಹೊರಗೆ ಚೆಲ್ಲುವ ಎಂಟ್ರೋಪಿಯೂ ಹೆಚ್ಚಾಯಿತು. ಕಾಲವನ್ನು ಅಳೆಯಲು ಬೆಲೆ ತೆರಬೇಕು, ಆ ಬೆಲೆ ಸುತ್ತಲಿನ ಜಗತ್ತಿನಲ್ಲಿ ಶಾಖವಾಗಿ ಉಳಿಯುತ್ತದೆ. ಇದನ್ನು ಓದಿದ ದಿನ ನನಗೆ ನಿದ್ದೆ ಬರಲಿಲ್ಲ, ಸಂತೋಷಕ್ಕೆ. ಆದರೆ ಇದು ಒಂದು ಬಗೆಯ ಗಡಿಯಾರದ ಫಲಿತಾಂಶ, ಎಲ್ಲ ಗಡಿಯಾರಗಳ ಬಗ್ಗೆ ಕೊಟ್ಟ ತೀರ್ಪಲ್ಲ. ಹೊರಗೆ ಏನನ್ನೂ ಚೆಲ್ಲದೆ, ಯಾವ ದಾಖಲೆಯನ್ನೂ ಬಿಡದೆ, ಆದರೂ ಒಂದು, ಎರಡು, ಮೂರು ಅಂತ ತಪ್ಪದೆ ಎಣಿಸುವ ಗಡಿಯಾರವನ್ನು ಯಾರಾದರೂ ಕಟ್ಟಿದರೆ ಬಾಕಿ ಸಿದ್ಧಾಂತ ಅಲ್ಲಿಗೆ ಬಿದ್ದಂತೆ. ಕಟ್ಟಲು ಸಾಧ್ಯವೇ ಇಲ್ಲ ಅಂತ ಲೆಕ್ಕದಿಂದ ತೋರಿಸಿದರೆ ಸಿದ್ಧಾಂತದ ಅರ್ಧ ಭಾಗಕ್ಕಾದರೂ ಕಾಲು ಊರಲು ಜಾಗ ಸಿಗುತ್ತದೆ. ಆ ಲೆಕ್ಕ ಮಾಡುವಷ್ಟು ಗಣಿತ ನನ್ನ ಬಳಿ ಇಲ್ಲ. ಭೌತಶಾಸ್ತ್ರ ಓದುತ್ತಿರುವವರು ಯಾರಾದರೂ ಇದನ್ನು ಕೈಗೆತ್ತಿಕೊಳ್ಳಬೇಕು. ನನ್ನ ನೋಟ್‌ಬುಕ್ ಪೂರ್ತಿ ಕೊಡಲು ನಾನು ತಯಾರಿದ್ದೇನೆ.